ಹಳೆಯ ಫರ್ನೇಸಿಗೆ ವಲಯವಾರು ನಿಯಂತ್ರಣದ ಕಿಟ್: ಒಂದು ಚಳಿಗಾಲದ ಬಳಕೆಯ ನಂತರ

ಎರಡು ಅಂತಸ್ತಿನ ಮನೆಗೆಲ್ಲ ಒಂದೇ ಥರ್ಮೋಸ್ಟಾಟ್ (ಕೋಣೆಯ ಉಷ್ಣತೆ ನೋಡಿ ಫರ್ನೇಸನ್ನು ಹೊತ್ತಿಸಿ ಆರಿಸುವ ಸಾಧನ) ಇದ್ದಾಗ, ಕೆಳಗೆ ಬೆಚ್ಚಗಾಗುವ ಹೊತ್ತಿಗೆ ಮೇಲಿನ ಕೋಣೆಗಳಲ್ಲಿ ಸೆಕೆ ಹತ್ತಿರುತ್ತದೆ. ಈ ತೊಂದರೆಗಾಗಿ, ಗಾಳಿಯನ್ನು ಕಾಯಿಸಿ ಡಕ್ಟುಗಳೆಂಬ ಕೊಳವೆಗಳ ಮೂಲಕ ಮನೆಗೆಲ್ಲ ಹರಿಸುವ ಹಳೆಯ ಫರ್ನೇಸನ್ನೇ ಉಳಿಸಿಕೊಂಡು, ಅಂತಸ್ತಿಗೊಂದರಂತೆ ಎರಡು ವಲಯಗಳ ಕಿಟ್ ಒಂದನ್ನು ಹಾಕಿಸಿದೆವು. ಡಕ್ಟಿನೊಳಗೆ ಕೂತು ಗಾಳಿಯ ದಾರಿಯನ್ನು ತೆರೆದು ಮುಚ್ಚುವ ಮೋಟಾರು ಡ್ಯಾಂಪರುಗಳು, ವಲಯಕ್ಕೊಂದು ಥರ್ಮೋಸ್ಟಾಟ್, ಇವನ್ನು ಫರ್ನೇಸಿಗೆ ಜೋಡಿಸುವ ಕಂಟ್ರೋಲ್ ಪ್ಯಾನೆಲ್, ಪ್ಯಾನೆಲಿಗೆ 24 ವೋಲ್ಟಿನ ಪ್ರತ್ಯೇಕ ಟ್ರಾನ್ಸ್‌ಫಾರ್ಮರ್, ಇಷ್ಟೇ ಅದರ ಸಾಮಗ್ರಿ. ಈಗ ಎರಡೂ ಅಂತಸ್ತುಗಳಲ್ಲಿ ಬೇಕಾದ ಉಷ್ಣತೆ ನಿಲ್ಲುತ್ತಿದೆ. ಆ ಮಟ್ಟಿಗೆ ನನಗೆ ಪೂರ್ಣ ಸಮಾಧಾನವಿದೆ.

ಆದರೆ ಈ ಕಿಟ್ಟಿನ ಯಶಸ್ಸು ಪೆಟ್ಟಿಗೆಯಲ್ಲಿರುವ ವಸ್ತುಗಳಿಗಿಂತ ಮನೆಯ ಡಕ್ಟುಗಳನ್ನೇ ಹೆಚ್ಚು ಅವಲಂಬಿಸಿದೆ. ಒಂದೇ ಹಂತದ ಫರ್ನೇಸು ಒಂದು ವಲಯ ಕೇಳಿದರೂ ಎರಡು ಕೇಳಿದರೂ ಅಷ್ಟೇ ಜ್ವಾಲೆಯಲ್ಲಿ ಉರಿಯುತ್ತದೆ. ಚಿಕ್ಕ ವಲಯವೊಂದೇ ತೆರೆದಿರುವಾಗ ಅಷ್ಟು ಶಾಖವನ್ನು ಹೊತ್ತೊಯ್ಯುವಷ್ಟು ಗಾಳಿ ಹರಿಯದಿದ್ದರೆ ಜ್ವಾಲೆಯ ಶಾಖವನ್ನು ಗಾಳಿಗೆ ದಾಟಿಸುವ ಲೋಹದ ಭಾಗವಾದ ಹೀಟ್ ಎಕ್ಸ್‌ಚೇಂಜರ್ ಅತಿಯಾಗಿ ಕಾಯುತ್ತದೆ, ಲಿಮಿಟ್ ಸ್ವಿಚ್ ಬರ್ನರನ್ನು ಆರಿಸುತ್ತದೆ, ಹೀಗೆ ಹೊತ್ತುವುದೂ ಆರುವುದೂ ಪದೇ ಪದೇ ನಡೆದು ಲೋಹ ದಣಿಯುತ್ತದೆ. ಹೆಚ್ಚುವರಿ ಗಾಳಿಯನ್ನು ಬೈಪಾಸ್ ಎಂಬ ಅಡ್ಡಕೊಳವೆಯ ಮೂಲಕ ರಿಟರ್ನ್ ಡಕ್ಟಿಗೇ (ಮನೆಯ ಗಾಳಿ ಫರ್ನೇಸಿಗೆ ಮರಳುವ ಕೊಳವೆ) ತಿರುಗಿಸುವ ಪದ್ಧತಿಯೂ ಉಂಟು. ಆಗ ಫರ್ನೇಸಿಗೆ ಮರಳುವ ಗಾಳಿ ಮೊದಲೇ ಬಿಸಿಯಾಗಿರುವುದರಿಂದ, ಶಾಖದ ವಿಷಯದಲ್ಲಿ ಅದು ಪರಿಹಾರವೆಂದು ನಾನು ಒಪ್ಪಲಾರೆ. ಮುಚ್ಚಿದ ಡ್ಯಾಂಪರಿನಲ್ಲೂ ಸ್ವಲ್ಪ ಸಂದು ಉಳಿಸುವುದು, ಹೊರಬರುವ ಗಾಳಿಯ ಉಷ್ಣತೆ ಮಿತಿಮೀರಿದರೆ ಬರ್ನರನ್ನು ನಿಲ್ಲಿಸಿ ಗಾಳಿ ತಳ್ಳುವ ಬ್ಲೋವರನ್ನು ಮಾತ್ರ ಓಡಿಸುವ ಸೆನ್ಸರ್ ಇಡುವುದು, ಇವೆರಡೂ ಹೆಚ್ಚು ಸುರಕ್ಷಿತ. ಎರಡು ಹಂತದ ಬರ್ನರ್ ಮತ್ತು ವೇಗ ಬದಲಿಸುವ ಬ್ಲೋವರ್ ಇರುವ ಫರ್ನೇಸಿಗೆ ಈ ಕಿಟ್ ಇನ್ನೂ ಚೆನ್ನಾಗಿ ಹೊಂದುತ್ತದೆ.

ಕೆಲಸಕ್ಕೆ ಬಂದ ತಂತ್ರಜ್ಞರನ್ನು ಮನಸಾರೆ ಮೆಚ್ಚಬೇಕು. ಅವರು ಫರ್ನೇಸಿನ ಎರಡೂ ಬದಿಗೆ ಸಣ್ಣ ರಂಧ್ರ ಕೊರೆದು, ಮೊದಲು ಎಲ್ಲ ಡ್ಯಾಂಪರುಗಳನ್ನೂ ತೆರೆದು, ಬಳಿಕ ಮೇಲಂತಸ್ತನ್ನು ಮಾತ್ರ ತೆರೆದು, ಮ್ಯಾನೋಮೀಟರಿನಲ್ಲಿ ಗಾಳಿಯ ಒತ್ತಡ ಅಳೆದರು. ಬಹಳಷ್ಟು ಫರ್ನೇಸುಗಳು 0.5 ಇಂಚು ಎತ್ತರದ ನೀರು ಹಾಕುವಷ್ಟು ಒತ್ತಡಕ್ಕೆ, ಅಂದರೆ ಸುಮಾರು 125 ಪ್ಯಾಸ್ಕಲ್‌ಗೆ, ನಿಗದಿಯಾಗಿರುತ್ತವೆ; ಅದನ್ನು ಮೀರದಂತೆ ಸಂದಿನ ಅಳತೆಯನ್ನು ತಿದ್ದಿದ ಮೇಲೆಯೇ ಅವರು ರಂಧ್ರಗಳನ್ನು ಮುಚ್ಚಿದರು. ಈ ಅಳತೆ ಮಾಡದವರಿಗೆ ಕೆಲಸ ಒಪ್ಪಿಸಬೇಡಿ.

ಕೊರತೆಯೆಂದರೆ, ಮೇಲಂತಸ್ತೊಂದೇ ತೆರೆದಾಗ ಗಾಳಿಯ ಸದ್ದು ಮೊದಲಿಗಿಂತ ಜೋರು. ಇನ್ನು, ಎರಡು ಅಂತಸ್ತುಗಳ ಡಕ್ಟುಗಳು ಮೊದಲಿನಿಂದಲೇ ಬೇರೆಯಾಗಿದ್ದರೆ ಮಾತ್ರ ಕೆಲಸ ಸುಲಭ. ಕವಲುಗಳು ಗೋಡೆಯೊಳಗೆ ಬೆರೆತುಹೋಗಿರುವ ಮನೆಯಲ್ಲಿ ಕವಲಿಗೊಂದು ಡ್ಯಾಂಪರ್ ಬೇಕಾಗುತ್ತದೆ, ಅದಕ್ಕಾಗಿ ಗೋಡೆ ಒಡೆಯಬೇಕಾಗುತ್ತದೆ. ಅಂಥ ಕಡೆ ಈ ಕಿಟ್ಟನ್ನು ನಾನು ಶಿಫಾರಸು ಮಾಡುವುದಿಲ್ಲ.