ಕಾರ್ಪೆಟ್ ಮೇಲೆಯೇ ಮರದ ನೆಲ ಕೂರಿಸಿಕೊಡುತ್ತೇವೆ ಎನ್ನುವವರನ್ನು ನಂಬಬೇಡಿ

ಬೆಳಗಾವಿಯಲ್ಲಿ ಮನೆಯ ನೆಲಕ್ಕೆ ಮರದಂತೆ ಕಾಣುವ ಲ್ಯಾಮಿನೇಟ್ ಹಲಗೆ ಹಾಕಿಸುವ ವಿಚಾರದಲ್ಲಿರುವವರು ದಯವಿಟ್ಟು ಇದನ್ನು ಓದಿ, ಆಮೇಲೆ ಅಡ್ವಾನ್ಸ್ ಕೊಡಿ. ಹಳೆಯ ಕಾರ್ಪೆಟ್ ತೆಗೆಯುವ ಅಗತ್ಯವೇ ಇಲ್ಲ ಎಂದು ಯಾವ ಅಂಗಡಿಯವರಾದರೂ ಹೇಳಿದರೆ ಅಲ್ಲಿಂದ ಎದ್ದು ಬನ್ನಿ.

ಟಿಳಕವಾಡಿಯ ನಮ್ಮ ಹಳೆಯ ಮನೆಯ ಪಡಸಾಲೆಯಲ್ಲಿ ಶಹಾಬಾದ್ ಕಲ್ಲಿನ ನೆಲಕ್ಕೆ, ತಂದೆಯವರ ಕಾಲದಲ್ಲಿ, ಗೋಡೆಯಿಂದ ಗೋಡೆಗೆ ದಪ್ಪ ಕಾರ್ಪೆಟ್ ಅಂಟಿಸಿದ್ದರು. ಅದನ್ನು ಕಿತ್ತು, ಅಂಟು ಕೆರೆದು, ನೆಲ ಸಮ ಮಾಡಿದ ಮೇಲೆ ಹಲಗೆ ಹಾಕಬೇಕಲ್ಲವೇ ಎಂದು ನಾನು ಮೊದಲ ದಿನವೇ ಕೇಳಿದ್ದೆ. "ಅದನ್ನ ಯಾಕ ಕೀಳಸ್ತೀರಿ ಸರ್, ಸುಮ್ಮನ ಖರ್ಚು. ಕಾರ್ಪೆಟ್ ಮ್ಯಾಲ ಹಾಕಿದ್ರ ಕಾಲಿಗೆ ಮೆತ್ತಗಿರತೈತಿ, ಸಪ್ಪಳಾನೂ ಬರೂದಿಲ್ಲ" ಎಂದು ಅಂಗಡಿಯ ಮಾಲೀಕರು ಚಹಾ ತರಿಸಿ ಹೇಳಿದರು. ಆ ಚಹಾದ ಬೆಲೆಯನ್ನೂ ಅವರು ಬಿಲ್ಲಿನಲ್ಲಿ ಎಲ್ಲೋ ಸೇರಿಸಿರಬೇಕೆಂದು ಈಗ ಅನ್ನಿಸುತ್ತದೆ.

ಬೇಸಿಗೆಯಲ್ಲಿ ಕೆಲಸ ಮುಗಿದಾಗ ನೆಲ ಚೆನ್ನಾಗಿಯೇ ಕಂಡಿತು. ಮಳೆ ಹಿಡಿದ ಮೇಲೆ ನಡೆದಲ್ಲೆಲ್ಲ ಕಟಕಟ ಸದ್ದು, ಸೋಫಾದ ಪಕ್ಕದ ಸಂದುಗಳು ಬಾಯಿಬಿಟ್ಟವು, ಅಂಚುಗಳು ಉಬ್ಬಿದವು, ಕೋಣೆಯ ತುಂಬ ಮುಗ್ಗಲು ವಾಸನೆ. ಗಣೇಶ ಚೌತಿಗೆ ಬಂದ ಬೀಗರ ಮುಂದೆ ನಮ್ಮ ಮಾವನವರು, "ಏನ್ರಿ ಅಳಿಯಂದ್ರ, ನೆಲ ತೆಪ್ಪದಂಗ ತೇಲಾಕತ್ತೈತಲ್ಲ!" ಎಂದು ನಕ್ಕಾಗ ನಾನು ಎಲ್ಲಿ ಮುಖ ಇಟ್ಟುಕೊಳ್ಳಲಿ?

ಕೊನೆಗೆ ಪರಿಚಯದ ಬಡಿಗರೊಬ್ಬರನ್ನು ಕರೆಸಿ ಗೋಡೆಯಂಚಿನ ಪಟ್ಟಿ ಬಿಚ್ಚಿಸಿ ಹಲಗೆ ಎತ್ತಿಸಿದೆ. ಹಲಗೆಯ ಅಡಿಗೆ ಹಾಸಬೇಕಾದ ತೆಳ್ಳನೆಯ ಫೋಮ್ ಹಾಳೆ ಇರಲಿಲ್ಲ. ತೇವ ತಡೆಯುವ ಪ್ಲಾಸ್ಟಿಕ್ ಹಾಳೆಯೂ ಇರಲಿಲ್ಲ. ಬಿಲ್ಲಿನಲ್ಲಿ ಎರಡಕ್ಕೂ ಚದರಡಿಯ ಲೆಕ್ಕದಲ್ಲಿ ಹಣ ಪಡೆದಿದ್ದರು, ಜಿಎಸ್‌ಟಿಯನ್ನೂ ಸೇರಿಸಿದ್ದರು; ಆದರೆ ಫೋಮ್ ಇರಲಿಲ್ಲ! ಒದ್ದೆಯಾದ ಕಾರ್ಪೆಟ್, ಅದರ ಮೇಲೆ ಕಪ್ಪು ಬೂಸ್ಟು, ಅಷ್ಟೇ.

ಬಡಿಗರು ವಿವರಿಸಿದ್ದು ಇಷ್ಟು. ಎಂಟು ಮಿಲಿಮೀಟರ್ ದಪ್ಪದ ಈ ಹಲಗೆಯ ಒಳಗಿರುವುದು ಮರದ ನಾರನ್ನು ಒತ್ತಿ ಮಾಡಿದ ಎಚ್‌ಡಿಎಫ್. ಒಂದು ಹಲಗೆ ಇನ್ನೊಂದಕ್ಕೆ ಕಚ್ಚಿಕೊಳ್ಳುವ ಲಾಕಿನ ತುಟಿ ಬಹಳ ತೆಳ್ಳಗಿರುವುದರಿಂದ, ಕೆಳಗೆ ಮೆತ್ತನೆಯದಿದ್ದರೆ ಪ್ರತಿ ಹೆಜ್ಜೆಗೂ ಹಲಗೆ ಕುಸಿದು ಆ ತುಟಿ ಬಾಗಿ ಬಾಗಿ ಮುರಿಯುತ್ತದೆ. ನಮ್ಮ ಊರಿನ ಮಳೆಗಾಲದಲ್ಲಿ ಕಲ್ಲಿನ ಸಂದಿನಿಂದ ಮೇಲೇರುವ ತೇವವನ್ನು ಕಾರ್ಪೆಟ್ ಹೀರಿ ಹಿಡಿದಿಟ್ಟುಕೊಳ್ಳುತ್ತದೆ. ಒಮ್ಮೆ ಉಬ್ಬಿದ ಎಚ್‌ಡಿಎಫ್ ಒಣಗಿದರೂ ಮೊದಲಿನಂತಾಗುವುದಿಲ್ಲ.

ಫೋಟೋ ತೋರಿಸಿ ಫೋಮ್ ಎಲ್ಲಿ ಎಂದು ಕೇಳಿದ್ದಕ್ಕೆ ಮಾಲೀಕರು ಕೊಟ್ಟ ಉತ್ತರವನ್ನು ಇದ್ದದ್ದು ಇದ್ದಂತೆ ಬರೆಯುತ್ತೇನೆ: "ಕಾರ್ಪೆಟ್ ಅಂದ್ರ ಫೋಮ್ ಅಲ್ಲೇನ್ರಿ ಸರ್?" ನನ್ನ ಮನೆಯ ಕಾರ್ಪೆಟ್ಟನ್ನು ನನಗೇ ಮಾರಿದ್ದರು! ಅಟ್ಟದಲ್ಲಿ ಉಳಿದಿದ್ದ ಪೆಟ್ಟಿಗೆಯೊಳಗಿನ ಸೂಚನೆಯ ಹಾಳೆಯನ್ನೂ ಮುಂದಿಟ್ಟೆ. ಹಲಗೆ ಹಾಕುವ ಮೊದಲು ಕಾರ್ಪೆಟ್ ತೆಗೆಯಬೇಕು, ಇಲ್ಲದಿದ್ದರೆ ವಾರಂಟಿ ಇಲ್ಲ ಎಂದು ಅದರಲ್ಲಿ ಸ್ಪಷ್ಟವಾಗಿ ಅಚ್ಚಾಗಿದೆ. "ಅದು ಹೊರದೇಶದವರಿಗೆ ಬರದದ್ದು, ನಮ್ಮ ಹವಾಕ್ಕ ನಡೀತೈತಿ" ಎಂದರು. ಮರುದಿನ ಅದೇ ಬಾಯಿಂದ, "ನೀವು ನೀರು ಹಾಕಿ ಒರಸೀರಿ, ವಾರಂಟಿ ಬರೂದಿಲ್ಲ" ಎಂಬ ಮಾತು ಬಂತು. ನಂತರ ಫೋನ್ ಎತ್ತುವುದನ್ನೇ ನಿಲ್ಲಿಸಿದರು.

ಹಾಕಿಸುವವರು ಸೂಚನೆಯ ಹಾಳೆಯನ್ನು ಹಣ ಕೊಡುವ ಮೊದಲೇ ಕೇಳಿ ಓದಿ, ಫೋಮ್ ಹಾಸುವಾಗ ಎದುರಿಗೇ ನಿಂತು ಫೋಟೋ ತೆಗೆದುಕೊಳ್ಳಿ, ಪಕ್ಕಾ ಬಿಲ್ ಬಿಡಬೇಡಿ. ನಾನು ಗ್ರಾಹಕ ಸಹಾಯವಾಣಿ 1915ಕ್ಕೆ ದೂರು ಕೊಟ್ಟಿದ್ದೇನೆ. 2019ರ ಗ್ರಾಹಕ ಸಂರಕ್ಷಣಾ ಕಾಯ್ದೆಯಡಿ ಜಿಲ್ಲಾ ಆಯೋಗಕ್ಕೆ ಹೋಗಲು ಎರಡು ವರ್ಷಗಳ ಅವಕಾಶವಿದೆ, ಐದು ಲಕ್ಷ ರೂಪಾಯಿಯವರೆಗಿನ ವ್ಯವಹಾರಕ್ಕೆ ಶುಲ್ಕವೂ ಇಲ್ಲ. ನಾನು ದೂರು ಕೊಟ್ಟದ್ದು ತಿಳಿದ ಕೂಡಲೇ ಅಂಗಡಿಯಿಂದ ಒಬ್ಬ ಹುಡುಗ ಬಂದು, ಹಾಳಾದ ಹಲಗೆಗಳನ್ನು "ಚೆಕ್ ಮಾಡಾಕ" ಒಯ್ಯುತ್ತೇನೆಂದ. ಕೊಡಲಿಲ್ಲ, ಬೂಸ್ಟು ಹಿಡಿದ ಕಾರ್ಪೆಟ್ಟಿನ ತುಂಡಿನೊಂದಿಗೆ ಅವು ಬಿಲ್ಲಿನ ಜೊತೆಗೇ ಆಯೋಗದ ಮುಂದೆ ಹೋಗಲಿವೆ.