ಹಳೇ ಹೈಬ್ರಿಡ್ ಕಾರು ಕೊಳ್ಳುವ ಮುನ್ನ ಹಿಂದಿನ ಸೀಟಿನ ಪಕ್ಕದ ಜಾಲರಿ ನೋಡಿ

ಕಾರು ಮನೆಗೆ ಬಂದು ಇಪ್ಪತ್ತಮೂರನೇ ದಿನ. ಒಂದು ಏರುದಾರಿಯ ನಡುವೆ ಚೆಕ್ ಇಂಜಿನ್ ದೀಪ ಹತ್ತಿತು, ಅದರ ಬೆನ್ನಿಗೇ ಕೆಂಪು ತ್ರಿಕೋನ, ಆಮೇಲೆ ಇನ್ನೂ ಎರಡು. ಆಕ್ಸಿಲರೇಟರ್ ಒತ್ತಿದರೆ ಇಂಜಿನ್ ಕಿರುಚುತ್ತದೆ, ಕಾರು ಮಾತ್ರ ತೆವಳುತ್ತದೆ. ಹಿಂದಿನ ಸೀಟಿನ ಕಡೆಯಿಂದ ಹೇರ್ ಡ್ರೈಯರ್ ಹಾಕಿದಂತೆ ಬುಸ್ಸೆನ್ನುವ ಸದ್ದು. "ಅಪ್ಪಾ, ಕಾರು ಯಾಕೋ ಅಳ್ತಿದೆ" ಅಂದಳು ಹಿಂದೆ ಕೂತಿದ್ದ ಮಗಳು. ನನಗೂ ಅಳು ಬರುವುದೊಂದು ಬಾಕಿ.

ಹೀಗಾಗಬಾರದು ಎಂದೇ ನಾನು ಎಚ್ಚರಿಕೆಯಿಂದ ಕೊಂಡಿದ್ದೆ. ಕನಿಷ್ಠ ಹಾಗಂದುಕೊಂಡಿದ್ದೆ. ನೀವೂ ಸೆಕೆಂಡ್ ಹ್ಯಾಂಡ್ ಹೈಬ್ರಿಡ್ ಹ್ಯಾಚ್‌ಬ್ಯಾಕ್, ಅಂದರೆ ಪೆಟ್ರೋಲ್ ಇಂಜಿನ್ ಜೊತೆಗೆ ಬ್ಯಾಟರಿಯಿಂದ ಓಡುವ ಮೋಟಾರೂ ಇರುವ ಸಣ್ಣ ಕಾರು ನೋಡುತ್ತಿದ್ದರೆ ನಾನು ಎಲ್ಲಿ ಜಾರಿದೆ ಎಂಬುದನ್ನು ಓದಿಕೊಳ್ಳಿ. ಕಾರಿನ ಹೆಸರು ಹೇಳುವುದಿಲ್ಲ, ತಪ್ಪು ಆ ಕಾರಿನದಲ್ಲ. ಮಾರಿದವನದು ಅರ್ಧ, ಉಳಿದರ್ಧ ನನ್ನದು.

ಈ ಗಾತ್ರದ ಹೈಬ್ರಿಡ್‌ಗಳು ಸಾಲಾಗಿ ಬರತೊಡಗಿದ್ದು 2010ರ ಹೊತ್ತಿಗೆ. ಹೋಂಡಾದ ಫಿಟ್ ಹೈಬ್ರಿಡ್ ಬಂದದ್ದು 2010ರಲ್ಲಿ, ಟೊಯೊಟಾದ ಅಕ್ವಾ 2011ರ ಕೊನೆಯಲ್ಲಿ, ಯಾರಿಸ್ ಹೈಬ್ರಿಡ್ 2012ರಲ್ಲಿ. ಅಂದರೆ ಇವತ್ತು ಕೈಗೆಟುಕುವ ಬೆಲೆಗೆ ಸಿಗುವ ಬಹುಪಾಲು ಗಾಡಿಗಳಿಗೆ ಹತ್ತು ವರ್ಷ ದಾಟಿದೆ. ಹೈಬ್ರಿಡ್ ಬ್ಯಾಟರಿಗೆ ಹಲವು ತಯಾರಕರು ಕೊಡುತ್ತಿದ್ದ ಎಂಟು ವರ್ಷದ ವಾರಂಟಿ ಎಂದೋ ಮುಗಿದಿದೆ. ಇದು ನನಗೆ ಗೊತ್ತಿತ್ತು. ಆದರೂ ಮೀಟರಿನಲ್ಲಿ 86,412 ಕಿ.ಮೀ. ಅಂತ ಕಂಡಾಗ "ಅಬ್ಬಾ, ಕಡಿಮೆ ಓಡಿದೆ" ಎಂದು ಮನಸ್ಸು ಕುಣಿಯಿತು.

ಮೊದಲು ಎಡವಿದ್ದು ಅಲ್ಲೇ. ಕಡಿಮೆ ಓಡಿದ್ದು ಒಳ್ಳೆಯದು ಅನ್ನುವುದು ಪೆಟ್ರೋಲ್ ಕಾರಿನ ಲೆಕ್ಕ. ಇಂತಹ ಕಾರುಗಳಲ್ಲಿ ಹೆಚ್ಚಾಗಿ ಇರುವ ನಿಕೆಲ್ ಮೆಟಲ್ ಹೈಡ್ರೈಡ್ ಬ್ಯಾಟರಿಗೆ ವಯಸ್ಸಾಗುವುದು ಓಡಿದ್ದರಿಂದ ಮಾತ್ರವಲ್ಲ, ವರ್ಷ ಕಳೆದಿದ್ದರಿಂದ ಮತ್ತು ಬಿಸಿಯಿಂದ. ತಿಂಗಳುಗಟ್ಟಲೆ ನಿಂತಲ್ಲೇ ನಿಂತರೆ ತಂತಾನೇ ಚಾರ್ಜ್ ಇಳಿದು ಸೆಲ್‌ಗಳ ನಡುವೆ ಏರುಪೇರಾಗುತ್ತದೆ. ದಿನವೂ ಓಡುತ್ತಿದ್ದ ಗಾಡಿಯ ಬ್ಯಾಟರಿ ಎರಡು ಲಕ್ಷ ಕಿ.ಮೀ. ಆದರೂ ಗಟ್ಟಿಯಾಗಿರಬಹುದು, ಹೊದಿಕೆ ಹೊದಿಸಿ ನಿಲ್ಲಿಸಿದ್ದ ಗಾಡಿಯದು ಅರ್ಧಕ್ಕೇ ಕೈಕೊಡಬಹುದು.

ನೋಡಲು ಹೋದಾಗ ಒಬ್ಬನೇ ಹೋಗಲಿಲ್ಲ. ವರ್ಷಗಳಿಂದ ನಮ್ಮ ಗಾಡಿಗಳನ್ನು ನೋಡಿಕೊಂಡು ಬಂದ ಮೆಕ್ಯಾನಿಕ್ ಜೊತೆಗಿದ್ದರು. ಬಾನೆಟ್ ಎತ್ತಿದರು, ಆಯಿಲ್ ಕಡ್ಡಿ ಎಳೆದು ಬೆರಳಲ್ಲಿ ಉಜ್ಜಿ ನೋಡಿದರು, ಕಿವಿಗೊಟ್ಟು ಕೇಳಿದರು. "ಇಂಜಿನ್ ಗಡಿಯಾರ ಇದ್ದಂಗಿದೆ ಸರ್, ಕಣ್ಣು ಮುಚ್ಕೊಂಡು ತಗೊಳ್ಳಿ." ಅವರು ಹೇಳಿದ್ದರಲ್ಲಿ ಒಂದಕ್ಷರ ಸುಳ್ಳಿಲ್ಲ. ಇಂಜಿನ್ ಇವತ್ತಿಗೂ ಗಡಿಯಾರದ ಹಾಗೇ ಇದೆ. ಅವರು ನೋಡದ ಇನ್ನರ್ಧ ಕಾರು ಹಿಂದಿನ ಸೀಟಿನ ಹತ್ತಿರ ಇತ್ತು, ಅಷ್ಟೇ.

ಹೈಬ್ರಿಡ್‌ನ ಕಷ್ಟ ಇದೇ. ಬೇರೆ ಕಾರು ಕೆಟ್ಟರೆ ಗೊತ್ತಾಗುತ್ತದೆ: ಹೊಗೆ ಬರುತ್ತದೆ, ಎಳೆಯುವುದಿಲ್ಲ, ಸ್ಟಾರ್ಟ್ ಆಗುವುದಿಲ್ಲ. ಇಲ್ಲಿ ಒಂದು ಸುಸ್ತಾದರೆ ಇನ್ನೊಂದು ಹೆಗಲು ಕೊಡುತ್ತದೆ. ಬ್ಯಾಟರಿ ಸೋತರೆ ಇಂಜಿನ್ ಹೆಚ್ಚು ಹೊತ್ತು ಓಡಿ ಮರ್ಯಾದೆ ಉಳಿಸುತ್ತದೆ. ಯಾವಾಗ ಇಂಜಿನ್, ಯಾವಾಗ ಮೋಟಾರ್ ಎಂದು ತೀರ್ಮಾನಿಸುವ ಕಂಪ್ಯೂಟರ್ ಇದನ್ನೆಲ್ಲ ಎಷ್ಟು ನಯವಾಗಿ ತೂಗಿಸುತ್ತದೆ ಎಂದರೆ, ಸ್ಟೀರಿಂಗ್ ಹಿಂದೆ ಕೂತ ಹೊಸಬನಿಗೆ ಏನೂ ಅನ್ನಿಸುವುದಿಲ್ಲ. ಕಾರು ತನ್ನ ಕಾಯಿಲೆಯನ್ನು ತಾನೇ ಮುಚ್ಚಿಡುತ್ತದೆ. ಮಾರುವವನಿಗೆ ಅಂಥ ದೊಡ್ಡ ಕಸರತ್ತು ಬೇಕಾಗಿಲ್ಲ.

ಆದರೂ ನಮ್ಮ ಪುಣ್ಯಾತ್ಮ ಒಂದಷ್ಟು ಕಸರತ್ತು ಮಾಡಿದ್ದ. ಈಗ ಹಿಂದಿರುಗಿ ನೋಡಿದರೆ ಒಂದೊಂದೂ ಕಣ್ಣಿಗೆ ಕಟ್ಟುತ್ತದೆ. ನಾವು ಹೋದಾಗ ಬಾನೆಟ್ ಬೆಚ್ಚಗಿತ್ತು, "ಈಗಷ್ಟೇ ತೊಳೆಸಿಕೊಂಡು ಬಂದೆ" ಅಂದ. ಟೆಸ್ಟ್ ಡ್ರೈವ್‌ಗೆ ಕೂರುತ್ತಿದ್ದಂತೆ ಎಸಿ ಫುಲ್, ಹಾಡು ಜೋರು. ಆ ಗದ್ದಲದಲ್ಲಿ ಹಿಂದೆ ಬ್ಯಾಟರಿ ತಣಿಸುವ ಫ್ಯಾನಿನ ಸದ್ದು ಎಲ್ಲಿ ಕೇಳಬೇಕು? ಓಡಿಸಲು ಕೊಟ್ಟದ್ದು ಹತ್ತು ನಿಮಿಷ, ಅದೂ ಸಮತಟ್ಟಾದ ರಸ್ತೆಯಲ್ಲಿ. ಬ್ಯಾಟರಿಯ ಗುರುತು ಮಾತ್ರ ಆ ಹತ್ತೇ ನಿಮಿಷದಲ್ಲಿ ಎರಡು ಗೆರೆಯಿಂದ ಪೂರ್ತಿ ಹಸಿರಾಗಿ, ತಿರುಗಿ ಮೂರಕ್ಕೆ ಇಳಿದಿತ್ತು. "ನೋಡಿ ಸರ್, ಎಷ್ಟು ಬೇಗ ಚಾರ್ಜ್ ಆಗುತ್ತೆ!" ಅಂದ. ನಾನೂ ತಲೆಯಾಡಿಸಿದೆ. ಬೇಗ ತುಂಬುವ ಬಿಂದಿಗೆ ಅಂದರೆ ಸಣ್ಣ ಬಿಂದಿಗೆ ಎಂಬ ಸಾಮಾನ್ಯ ಜ್ಞಾನ ಆಗ ಎಲ್ಲಿ ಹೋಗಿತ್ತೋ. ಸೆಲ್‌ಗಳ ಸಾಮರ್ಥ್ಯ ಕುಗ್ಗಿದಾಗ ಗೆರೆಗಳು ಹೀಗೇ ಏರಿಳಿಯುವುದು. ಆರೋಗ್ಯವಾಗಿರುವ ಬ್ಯಾಟರಿ ಪ್ಯಾಕಿನಲ್ಲಿ ಅವು ನಿಧಾನವಾಗಿ, ಬಹುಪಾಲು ನಡುಮಟ್ಟದಲ್ಲೇ ಓಡಾಡಿಕೊಂಡಿರುತ್ತವೆ.

ಕಾಗದಪತ್ರದಲ್ಲಿದ್ದದ್ದು ಬೇರೆಯವರ ಹೆಸರು. ಕೇಳಿದ್ದಕ್ಕೆ "ನಮ್ಮ ಭಾವಂದು ಸರ್, ಅವರು ಊರಲ್ಲಿಲ್ಲ" ಅಂದ. ಭಾವನ ಜೊತೆ ಒಮ್ಮೆ ಫೋನಿನಲ್ಲಿ ಮಾತಾಡಿಸು ಎನ್ನಲು ಸಂಕೋಚವಾಯಿತು. ಸರ್ವಿಸ್ ಪುಸ್ತಕದ ಕೊನೆಯ ಮುದ್ರೆಗೂ ಅವತ್ತಿಗೂ ಮೂರು ವರ್ಷದ ಅಂತರ ಇತ್ತು, ಅದನ್ನೂ ಕೇಳಲಿಲ್ಲ. ಮಾರಾಟದ ಚೀಟಿಯಲ್ಲಿ "ಇದ್ದ ಸ್ಥಿತಿಯಲ್ಲಿ ಒಪ್ಪಿ ಕೊಂಡಿದ್ದೇನೆ" ಎಂಬ ಸಾಲಿಗೆ ಸಹಿ ಹಾಕಿದೆ.

ದೀಪ ಹತ್ತಿದ ಮರುದಿನ ಹೈಬ್ರಿಡ್ ಕೆಲಸವನ್ನೇ ಮಾಡುವ ಒಬ್ಬರ ಹತ್ತಿರ ಕಾರನ್ನು ಎಳೆಸಿಕೊಂಡು ಹೋದೆ. ಸ್ಟೀರಿಂಗ್ ಕೆಳಗಿನ ಸಾಕೆಟ್ಟಿಗೆ ಸ್ಕ್ಯಾನರ್ ಚುಚ್ಚಿದರು. ಬಂದ ದೋಷದ ಕೋಡ್ ಪಿ0ಎ80. ಅದರ ಅರ್ಥ ನೇರ: ಹೈಬ್ರಿಡ್ ಬ್ಯಾಟರಿ ಪ್ಯಾಕ್ ಬದಲಿಸಿ. ಆಮೇಲೆ ಅವರು ಇನ್ನೊಂದು ಪುಟ ತೆರೆದು ಕೇಳಿದರು, "ಕೊಂಡಾಗ ಮೀಟರ್ ಎಷ್ಟಿತ್ತು ಅಂತ ನೆನಪಿದೆಯಾ?" ಬರೆದಿಟ್ಟುಕೊಂಡಿದ್ದೆ, ಹೇಳಿದೆ. ಈಗ 87,312. ಅಂದರೆ ನಾನು ಓಡಿಸಿದ್ದು ಸರಿಯಾಗಿ 900 ಕಿ.ಮೀ. ಅವರು ಪರದೆಯನ್ನು ನನ್ನ ಕಡೆ ತಿರುಗಿಸಿದರು. ಕೋಡ್ ಅಳಿಸಿದ ಮೇಲೆ ಓಡಿದ ದೂರ: 941 ಕಿ.ಮೀ.

ಕಳೆದು ನೋಡಿ. ನನ್ನ ಕೈಗೆ ಕೀಲಿ ಕೊಡುವುದಕ್ಕೆ 41 ಕಿ.ಮೀ. ಮೊದಲು ಯಾರೋ ಕಾರಿನ ನೆನಪನ್ನು ಒರೆಸಿ ಹಾಕಿದ್ದರು.

ಈ ಒಂದು ಸಂಖ್ಯೆಯನ್ನು ಕೊಳ್ಳುವ ದಿನವೇ ನೋಡಬಹುದಿತ್ತು. ಸ್ಟೀರಿಂಗ್ ಕೆಳಗಿನ ಅದೇ ಸಾಕೆಟ್ಟಿಗೆ (ಓಬಿಡಿ ಎನ್ನುತ್ತಾರೆ) ಚುಚ್ಚಿ ಫೋನಿಗೆ ಬ್ಲೂಟೂತ್‌ನಲ್ಲಿ ಜೋಡಿಸುವ ಬೆಂಕಿಪೊಟ್ಟಣದಷ್ಟು ಸಾಧನ ಸಾಕು. ದೀಪ ಹತ್ತಿಲ್ಲ ಎಂದರೆ ಕೋಡ್ ಇಲ್ಲ ಅಂತಲ್ಲ, ಅಳಿಸಿರಬಹುದು. ಅಳಿಸಿದ್ದರೆ ಆ ದೂರ ಸೊನ್ನೆಯಿಂದ ಶುರುವಾಗುತ್ತದೆ, ಜೊತೆಗೆ ಕಾರು ತನ್ನನ್ನು ತಾನೇ ಪರೀಕ್ಷಿಸಿಕೊಳ್ಳುವ 'ರೆಡಿನೆಸ್' ಪಟ್ಟಿಯಲ್ಲಿ ಹಲವು ಇನ್ನೂ ಅಪೂರ್ಣ ಎಂದು ತೋರಿಸುತ್ತವೆ. ಹನ್ನೆರಡು ವೋಲ್ಟಿನ ಸಣ್ಣ ಬ್ಯಾಟರಿ ತೆಗೆದು ಹಾಕಿದರೂ ಕೆಲವು ಕಾರುಗಳಲ್ಲಿ ಹೀಗಾಗುತ್ತದೆ, ಮಾರುವವರು ಅದನ್ನೇ ನೆಪ ಹೇಳಬಹುದು. ಹೇಳಲಿ. "ಸರಿ, ಒಂದು ವಾರ ಓಡಿಸಿ, ಆಮೇಲೆ ಬರ್ತೀನಿ" ಎಂದು ಎದ್ದು ಬನ್ನಿ.

ಆಮೇಲೆ ಹಿಂದಿನ ಸೀಟು ಬಿಚ್ಚಿದರು. ಸೀಟಿನ ಪಕ್ಕದಲ್ಲಿ ಅಂಗೈಯಷ್ಟು ಪ್ಲಾಸ್ಟಿಕ್ ಜಾಲರಿ ಇರುತ್ತದೆ, ಬ್ಯಾಟರಿ ಉಸಿರಾಡುವುದು ಅದರಿಂದ. ಕಾರಿನೊಳಗಿನ ತಂಪು ಗಾಳಿಯನ್ನು ಒಂದು ಫ್ಯಾನ್ ಅಲ್ಲಿಂದ ಎಳೆದು ಪ್ಯಾಕಿನ ಮೇಲೆ ಹಾಯಿಸುತ್ತದೆ. ನನ್ನ ಕಾರಿನ ಜಾಲರಿಯ ಹೊರಭಾಗ ಫಳಫಳ ಒರೆಸಿತ್ತು. ಅದನ್ನು ಕಿತ್ತಾಗ ಒಳಗೆ ಕಂಬಳಿಯ ತುಂಡಿನಂಥ ಬೂದು ಧೂಳು, ಅದರಲ್ಲಿ ನೇಯ್ದಂತೆ ಗಿಡ್ಡನೆಯ ಬಿಳಿ ಕೂದಲು. ನಾಯಿಯದು. ಫ್ಯಾನಿನ ರೆಕ್ಕೆಗಳ ನಡುವೆಯೂ ಅದೇ. ಎಷ್ಟು ವರ್ಷ ಆ ಬ್ಯಾಟರಿ ಮೂಗು ಕಟ್ಟಿಕೊಂಡು ಬೆಂದಿದೆಯೋ. "ನಮ್ಮನೇಲಿ ಒಂದು ಬೆಕ್ಕೂ ಇಲ್ಲ ಸರ್, ಕಾರು ಅಷ್ಟು ಕ್ಲೀನ್" ಎಂದಿದ್ದ ಮಹಾಶಯನ ಮಾತು ನೆನಪಾಯಿತು. ಅವನ ಮನೆಯಲ್ಲಿ ಇರಲಿಲ್ಲವೇನೋ. ಕಾರು ಅವನ ಮನೆಯದಾಗಿದ್ದರೆ ತಾನೇ!

ಪ್ಯಾಕಿನ ಮುಚ್ಚಳ ತೆರೆದಾಗ ಉಳಿದ ಕಥೆ ಬಯಲಾಯಿತು. ಇದನ್ನು ನೀವಾಗಿ ತೆರೆಯಲು ಹೋಗಬೇಡಿ. ಕಿತ್ತಳೆ ಬಣ್ಣದ ಕೇಬಲ್‌ಗಳು ಜೀವ ತೆಗೆಯುವಷ್ಟು ವೋಲ್ಟೇಜಿನವು. ಅವರು ದಪ್ಪ ರಬ್ಬರ್ ಗ್ಲೌಸ್ ಹಾಕಿ, ಪ್ಯಾಕಿನ ಕರೆಂಟ್ ಕಡಿಯುವ ಸರ್ವಿಸ್ ಪ್ಲಗ್ ಕಿತ್ತು, ಹತ್ತು ನಿಮಿಷ ಸುಮ್ಮನೆ ಕಾದ ಮೇಲೆಯೇ ಕೈ ಹಾಕಿದ್ದು. ಒಳಗೆ ಪುಸ್ತಕ ಜೋಡಿಸಿಟ್ಟ ಹಾಗೆ 20 ಮಾಡ್ಯೂಲ್. ಒಂದೊಂದರಲ್ಲಿ 6 ಸೆಲ್, ಸೆಲ್ಲಿಗೆ 1.2 ವೋಲ್ಟ್, ಒಟ್ಟು 144. ಹದಿನೆಂಟರ ಮೇಲೆ ಒಂದೇ ಸರಣಿಯ ಅಂಕಿಗಳು, ಎರಡರ ಮೇಲೆ ಬೇರೆ. ಆ ಎರಡರ ನೆತ್ತಿಯಲ್ಲಿ ಮಾರ್ಕರ್ ಪೆನ್ನಿನಿಂದ ಯಾರೋ 7.7 ಎಂದು ವೋಲ್ಟೇಜ್ ಬರೆದಿದ್ದರು. ತಾಮ್ರದ ಪಟ್ಟಿಗಳೆಲ್ಲ ಹಸಿರುಗಟ್ಟಿದ್ದವು, ಅವೆರಡರ ನಟ್ಟು ಮಾತ್ರ ಪಾನಾ ತಾಗಿ ಹೊಳೆಯುತ್ತಿತ್ತು.

ನಡೆದದ್ದು ಇಷ್ಟು. ಸತ್ತ ಎರಡು ಮಾಡ್ಯೂಲ್ ತೆಗೆದು ಇನ್ಯಾವುದೋ ಹಳೇ ಪ್ಯಾಕಿನಿಂದ ಕಿತ್ತ ಎರಡನ್ನು ತುರುಕಿ, ಕೋಡ್ ಅಳಿಸಿ, ತೊಳೆಸಿ, ಮಾರಿದ್ದಾರೆ. ಮಾಡ್ಯೂಲ್‌ಗಳು ಒಂದರ ಹಿಂದೊಂದು ಸರಪಳಿಯಂತೆ ಜೋಡಣೆಯಾಗಿರುವುದರಿಂದ ಎಲ್ಲದರಲ್ಲೂ ಹರಿಯುವುದು ಅದೇ ಕರೆಂಟ್. ಶಕ್ತಿ ಕಡಿಮೆ ಇರುವುದು ಎಲ್ಲರಿಗಿಂತ ಮೊದಲು ತುಂಬುತ್ತದೆ, ಎಲ್ಲರಿಗಿಂತ ಮೊದಲು ಬರಿದಾಗುತ್ತದೆ, ಇನ್ನಷ್ಟು ಬಿಸಿಯಾಗಿ ಬೇಗ ಸಾಯುತ್ತದೆ. ನಿಂತಾಗ ಮೀಟರ್ ಹಿಡಿದರೆ ಎಲ್ಲದರ ವೋಲ್ಟೇಜೂ ಹೆಚ್ಚುಕಡಿಮೆ ಒಂದೇ, ಅಣ್ಣತಮ್ಮಂದಿರ ಹಾಗೆ. ಏರಿನಲ್ಲಿ ಪೆಡಲ್ ಒತ್ತಿದಾಗ ಮಾತ್ರ ಯಾರು ಕುಸಿಯುತ್ತಾರೆ ಅನ್ನುವುದು ಗೊತ್ತಾಗುತ್ತದೆ. ಹೈಬ್ರಿಡ್‌ಗೆಂದೇ ಇರುವ ಆ್ಯಪ್‌ಗಳು ಓಡುತ್ತಿರುವಾಗಲೇ ಬ್ಲಾಕ್‌ವಾರು, ಅಂದರೆ ಮಾಡ್ಯೂಲ್‌ಗಳ ಒಂದೊಂದು ಗುಂಪಿನ, ವೋಲ್ಟೇಜ್ ತೋರಿಸುತ್ತವೆ. ಹಾಗಾಗಿ "ಬ್ಯಾಟರಿ ಚೆಕ್ ಮಾಡಿಸಿದ್ದೇವೆ" ಎಂದರೆ ನಿಲ್ಲಿಸಿ ಮಾಡಿದ್ದೋ ಓಡಿಸುತ್ತ ಮಾಡಿದ್ದೋ ಎಂದು ಕೇಳಿ. ಮೊದಲನೆಯದಾದರೆ ಮಾಡಿಸದಿದ್ದಷ್ಟೇ ಸಮ.

ಮಾರಿದವನಿಗೆ ಫೋನ್ ಮಾಡಿದೆ. "ಎಲೆಕ್ಟ್ರಾನಿಕ್ ಐಟಂ ಸರ್, ಯಾವಾಗ ಏನಾಗುತ್ತೆ ಅಂತ ಯಾರಿಗೆ ಗೊತ್ತು?" ಎಂದ. 41 ಕಿ.ಮೀ. ಲೆಕ್ಕ ಹೇಳಿದೆ. ಒಂದು ಕ್ಷಣ ಸುಮ್ಮನಿದ್ದು "ನೀವೇ ಮೆಕ್ಯಾನಿಕ್ ಕರ್ಕೊಂಡ್ ಬಂದು ನೋಡಿದ್ರಲ್ಲ" ಎಂದ. ಮತ್ತೆ ಫೋನ್ ಎತ್ತಲಿಲ್ಲ. ಆ ಚೀಟಿಗೆ ಸಹಿ ಹಾಕಿದ ಕೈಯನ್ನು ನಾನು ಈಗಲೂ ಬೈಯುತ್ತಿರುತ್ತೇನೆ.

ಮತ್ತೆ ಎರಡು ಹಳೇ ಮಾಡ್ಯೂಲ್ ಹಾಕಿಸಬಹುದಿತ್ತು. ರಿಪೇರಿ ಮಾಡುವವರೇ ಬೇಡ ಎಂದರು: "ಒಂದು ಹಲ್ಲು ಕಟ್ಟಿದ್ರೆ ಪಕ್ಕದ್ದು ಅಲ್ಲಾಡುತ್ತೆ ಸರ್." ಹೊಸ ಪ್ಯಾಕೇ ಹಾಕಿಸಿದೆ. ಕಾರಿಗೆ ಕೊಟ್ಟ ಹಣದ ಮೂರನೇ ಒಂದು ಭಾಗ ಅದಕ್ಕೇ ಹೋಯಿತು. ಪೆಟ್ರೋಲ್ ಉಳಿಸಲೆಂದು ಕಾರು ಕೊಂಡವನು ಈಗ ಆ ಲೆಕ್ಕ ಸರಿದೂಗಲು ಎಷ್ಟು ವರ್ಷ ಓಡಿಸಬೇಕೆಂದು ಕೂಡಿಸಿ ಕಳೆಯುವುದನ್ನು ಬಿಟ್ಟಿದ್ದೇನೆ. ಹೊಸ ಪ್ಯಾಕ್ ಬಂದ ಮೇಲೆ ಮೈಲೇಜ್ ಲೀಟರಿಗೆ 16ರಿಂದ 23ಕ್ಕೆ ಏರಿತು. ಮೊದಲ ಟ್ಯಾಂಕಿನಲ್ಲೇ 16 ಬಂದಾಗ "ನನ್ನ ಓಡಿಸುವ ಶೈಲಿ ಸರಿಯಿಲ್ಲ" ಎಂದು ನನ್ನನ್ನೇ ದೂರಿಕೊಂಡಿದ್ದೆ!

ಇನ್ನೊಮ್ಮೆ ಇಂಥ ಕಾರು ನೋಡಲು ಹೋದರೆ ಹೇಳಿದ ಹೊತ್ತಿಗಿಂತ ಅರ್ಧ ಗಂಟೆ ಮೊದಲೇ ಹೋಗುತ್ತೇನೆ, ಮೊದಲು ಬಾನೆಟ್ ಮುಟ್ಟುತ್ತೇನೆ. ತಣ್ಣಗಿದ್ದರೆ ಮಾತ್ರ ಮುಂದಿನ ಮಾತು. ಎಸಿ ಮತ್ತು ಹಾಡು ನನ್ನ ಕೈಯಲ್ಲಿರಬೇಕು. ಏರುದಾರಿಯೂ ಇರುವ ರಸ್ತೆಯಲ್ಲಿ ಮುಕ್ಕಾಲು ಗಂಟೆ, ಹಿಂದಿನ ಸೀಟಿನಲ್ಲಿ ಕಿವಿ ಚುರುಕಿರುವ ಒಬ್ಬರು. ಬ್ಯಾಟರಿಯ ಕರೆಂಟನ್ನು ಮೋಟಾರಿಗೆ ತಕ್ಕಂತೆ ಮಾರ್ಪಡಿಸುವ ಇನ್ವರ್ಟರ್‌ಗೆ ಹಲವು ಕಾರುಗಳಲ್ಲಿ ಬೇರೆಯೇ ಕೂಲೆಂಟ್ ಡಬ್ಬಿ ಇರುತ್ತದೆ, ಅದರ ಮಟ್ಟವನ್ನೂ ಒಮ್ಮೆ ಇಣುಕುತ್ತೇನೆ. ಬ್ರೇಕ್ ಪ್ಯಾಡ್ ದಪ್ಪಗಿದೆ ಎಂದು ಮಾತ್ರ ಮರುಳಾಗುವುದಿಲ್ಲ. ವೇಗ ತಗ್ಗಿಸುವ ಕೆಲಸವನ್ನು ಬಹುಪಾಲು ಮೋಟಾರೇ ಮಾಡುವುದರಿಂದ ಹೈಬ್ರಿಡ್‌ಗಳಲ್ಲಿ ಅದು ಹೇಗೂ ಬೇಗ ಸವೆಯುವುದಿಲ್ಲ, ಕಾರು ಎಷ್ಟು ಓಡಿದೆ ಎಂಬುದಕ್ಕೆ ಅದು ಸಾಕ್ಷಿ ಅಲ್ಲ.

ಮೊನ್ನೆ ಪರಿಚಯದವರೊಬ್ಬರು ಕೇಳಿದರು, "ಹೊಸ ಬ್ಯಾಟರಿ ಹಾಕಿದೀವಿ ಅಂತಿದಾರೆ, ತಗೊಳ್ಳಲಾ?" ಬಿಲ್ ಕೇಳಿ ಅಂದೆ. ಬಿಲ್ಲಿನಲ್ಲಿ ಇಡೀ ಪ್ಯಾಕ್ ಎಂದು ಇದೆಯೋ, ಮಾಡ್ಯೂಲ್ ಎಂದು ಇದೆಯೋ ನೋಡಿ, ಪ್ಯಾಕಿನ ಸೀರಿಯಲ್ ನಂಬರ್ ಬರೆದಿದೆಯೋ ನೋಡಿ ಅಂದೆ. ಸಂಜೆ ಮತ್ತೆ ಫೋನ್ ಬಂತು: ಬಿಲ್ ಹುಡುಕುತ್ತಿದ್ದಾರಂತೆ. ಎರಡು ವಾರವಾಯಿತು, ಇನ್ನೂ ಹುಡುಕುತ್ತಲೇ ಇದ್ದಾರೆ.