ವಿಂಡ್ಸರ್, ಚಿಪ್ಪೆಂಡೇಲ್, ಬಲೂನ್ ಬ್ಯಾಕ್: ಮೂರರ ಮೇಲೂ ಕೂತು ನೋಡಿದ್ದಾಯ್ತು

ನಾವು ಇಂಗ್ಲೆಂಡಿನ ರೆಡಿಂಗ್ ಊರಲ್ಲಿ ಮನೆ ಮಾಡಿದಾಗ ಊಟದ ಟೇಬಲ್‌ಗೆ ಹೊಸ ಕುರ್ಚಿ ಬೇಡ, ಹಳೇದೇ ತರೋಣ ಅಂತ ನಂಗೆ ಹುಚ್ಚು ಹಿಡೀತು. ಇಲ್ಲಿ ಹಳೇ ಕಂದು ಮರದ ಸಾಮಾನು ಈಗ ಯಾರಿಗೂ ಬೇಡ, ಹರಾಜಲ್ಲಿ ಬಿಟ್ಟಿ ಅನ್ನೋ ಹಾಗೆ ಹೋಗುತ್ತೆ. ಮೂರು ವರ್ಷದಲ್ಲಿ ಮೂರು ಥರದ್ದು ಬಂದು ಸೇರ್ಕೊಂಡ್ವು.

ಮೊದಲು ತಂದಿದ್ದು ಮಹಾಗನಿದು, ಚಿಪ್ಪೆಂಡೇಲ್ ಡಿಸೈನು, ಬೆನ್ನಲ್ಲಿ ರಿಬ್ಬನ್ ಹೆಣೆದ ಹಾಗೆ ಕೆತ್ತನೆ. 1721ರಲ್ಲಿ ಬ್ರಿಟನ್ ತನ್ನ ಅಮೆರಿಕದ ವಸಾಹತುಗಳ ಮರಕ್ಕೆ ಸುಂಕ ತೆಗೆದ ಮೇಲೆ ಜಮೈಕಾದಿಂದ ಮಹಾಗನಿ ಜಾಸ್ತಿ ಬರೋಕೆ ಶುರುವಾಯ್ತು, ಅದಕ್ಕೂ ಮುಂಚೆ ಹೆಚ್ಚಾಗಿ ವಾಲ್‌ನಟ್, ಅದರ ಹಿಂದೆ ಓಕ್. ಮಹಾಗನಿ ಗಟ್ಟಿ, ಸಣ್ಣ ಕೆತ್ತನೆನೂ ಮುರಿಯದೆ ನಿಲ್ಲುತ್ತೆ, ಅದಕ್ಕೇ ಆ ಕಾಲದ ಬೆನ್ನುಗಳು ಜಾಲರಿ ಥರ ಇರೋದು. ಲಂಡನ್ನಿನ ಬಡಗಿ ಥಾಮಸ್ ಚಿಪ್ಪೆಂಡೇಲ್ 1754ರಲ್ಲಿ ತನ್ನ ಡಿಸೈನ್‌ಗಳನ್ನೆಲ್ಲ ಪುಸ್ತಕ ಮಾಡಿ ಹಾಕ್ಬಿಟ್ಟ, ಅದನ್ನ ನೋಡ್ಕೊಂಡು ಊರೂರಿನ ಬಡಗಿಗಳೂ ಮಾಡಿದ್ರು, ಆಮೇಲೆ ನೂರೈವತ್ತು ವರ್ಷ ಆದ್ರೂ ಮಾಡ್ತಾನೇ ಇದ್ರು. ಹಾಗಾಗಿ ಚಿಪ್ಪೆಂಡೇಲ್ ಅಂದ್ರೆ ಆಕಾರದ ಹೆಸರು, ಅವನ ಅಂಗಡಿಯಿಂದ್ಲೇ ಬಂದಿದ್ದು ಅಂತ ಅಲ್ಲ.

ನಾನು ಏಮಾರಿದ್ದೂ ಅಲ್ಲೇ. ಕ್ಯಾಟಲಾಗ್‌ನಲ್ಲಿ "ಜಾರ್ಜಿಯನ್ ಸ್ಟೈಲ್" ಅಂತ ಇತ್ತು, ನಾನು ಜಾರ್ಜಿಯನ್, ಅಂದ್ರೆ ಚಿಪ್ಪೆಂಡೇಲ್ ಇದ್ದ ಜಾರ್ಜ್ ರಾಜರ ಕಾಲದ್ದೇ ಅಂತ ಓದ್ಕೊಂಡೆ, ಸ್ಟೈಲ್ ಅನ್ನೋ ಪದ ಕಣ್ಣಿಗೇ ಬೀಳ್ಲಿಲ್ಲ. ಮನೆಗೆ ತಂದು ಸೀಟಿನ ಮೆತ್ತೆ ಎತ್ತಿ ಟಾರ್ಚ್ ಬಿಟ್ಟು ನೋಡ್ತೀನಿ, ಒಳಗಿನ ಪಟ್ಟಿ ಮೇಲೆ ಕಮಾನು ಕಮಾನಾಗಿ ಗೀರು. ಅದು ಯಂತ್ರದ ಗುಂಡು ಗರಗಸದ ಗುರುತು, ಕೈಗರಗಸ ಆಗಿದ್ರೆ ನೇರ ಗೀರು ಇರ್ಬೇಕಿತ್ತು, ಅಂದ್ರೆ ಇದು ಆಮೇಲಿನ ಕಾಲದ ನಕಲು. ಕುರ್ಚಿ ಚೆನ್ನಾಗೇ ಇದೆ ಅನ್ನಿ, ಆದ್ರೆ ನೆಟ್ಟಗೆ ಕೂತ್ಕೋಬೇಕು, ಹೆಡ್‌ಮಾಸ್ಟರ್ ರೂಮಲ್ಲಿ ಕೂತ ಹಾಗೆ, ಸ್ವಲ್ಪ ಒರಗಿದ್ರೆ ಕೆತ್ತನೆ ಬೆನ್ನಿಗೆ ಒತ್ತುತ್ತೆ.

ಬಲೂನ್ ಬ್ಯಾಕ್ ಬಗ್ಗೆ ಜಾಸ್ತಿ ಹೇಳೋಕಿಲ್ಲ. ವಿಕ್ಟೋರಿಯಾ ಕಾಲದ್ದು, ಬೆನ್ನು ಬಲೂನಿನ ಹಾಗೆ ದುಂಡಗೆ, ನೋಡೋಕೆ ಮುದ್ದು. ನಾಲ್ಕಕ್ಕೆ 80 ಪೌಂಡ್ ಕೊಟ್ಟೆ. ಮೊದಲ ಚಳಿಗಾಲದಲ್ಲಿ ಹೀಟಿಂಗ್ ಹಾಕಿದ್ದೇ ತಡ ಹಳೇ ಅಂಟೆಲ್ಲ ಒಣಗಿ ಎರಡರ ಬೆನ್ನು ಅಲ್ಲಾಡೋಕೆ ಶುರು, ಮೂರನೇದು ನಮ್ಮ ಭಾವ ಊಟ ಆದ್ಮೇಲೆ ಆರಾಮಾಗಿ ಹಿಂದಕ್ಕೆ ವಾಲಿದಾಗ ಟಕ್ ಅಂತು. ಭಾವ ಬೀಳ್ಲಿಲ್ಲ, ಕೈಲಿದ್ದ ಮಜ್ಜಿಗೆ ಲೋಟ ಬಿತ್ತು.

ಇನ್ನು ವಿಂಡ್ಸರ್. ಹೆಸರು ವಿಂಡ್ಸರ್ ಆದ್ರೂ ಇಂಥವು ಹೆಚ್ಚಾಗಿ ತಯಾರಾಗ್ತಿದ್ದ ಊರು ಹೈ ವಿಕಮ್, ನಮ್ಮನೆಯಿಂದ ಮುಕ್ಕಾಲು ಗಂಟೆನೂ ಇಲ್ಲ. ಬೇರೆ ಕುರ್ಚೀಲಿ ಹಿಂದಿನ ಕಾಲೇ ಮೇಲಕ್ಕೆ ಹೋಗಿ ಬೆನ್ನಾಗುತ್ತೆ, ಇದರಲ್ಲಿ ಹಾಗಲ್ಲ, ದಪ್ಪ ಹಲಗೆ ಸೀಟೇ ಎಲ್ಲಕ್ಕೂ ಆಧಾರ, ಕೆಳಗಿಂದ ಕಾಲು, ಮೇಲಿಂದ ಕಡ್ಡಿಗಳು, ಎಲ್ಲಾ ಅದರ ತೂತಿಗೇ ಬಂದು ಕೂರುತ್ತೆ. ಕಾಲು ಬೀಚ್ ಮರದ್ದು, ಬಾಡ್ಜರ್ ಅಂತ ಕರೀತಿದ್ದ ಜನ ಆ ಊರಿನ ಸುತ್ತಲಿನ ಚಿಲ್ಟರ್ನ್ ಗುಡ್ಡದ ಕಾಡಲ್ಲೇ ಕೂತು ಹಸಿ ಮರನೇ ಲೇತ್‌ನಲ್ಲಿ ತಿರುಗಿಸಿ ಕಾಲು ಮಾಡ್ತಿದ್ರು. ಸೀಟು ಎಲ್ಮ್, ಅದರ ಎಳೆ ಒಂದಕ್ಕೊಂದು ಹೆಣ್ಕೊಂಡಿರೋದ್ರಿಂದ ಅಂಚಿನ ಹತ್ರ ತೂತು ಕೊರೆದ್ರೂ ಸುಲಭಕ್ಕೆ ಸೀಳಲ್ಲ. ಬಾಚಿ ಹಿಡಿದು ಆ ಸೀಟನ್ನ ತಗ್ಗು ಮಾಡೋನಿಗೆ ಬಾಟಮರ್ ಅಂತಾನೇ ಹೆಸರು, ನಗಬೇಡಿ.

ಹೆಚ್ಚಾಗಿ ಹೆಂಡದಂಗಡಿ, ಅಡುಗೆಮನೇಲಿ ಇರ್ತಿದ್ದ ಕುರ್ಚಿ ಇದು, ಮೆತ್ತೆನೂ ಇಲ್ಲ. ಆದ್ರೂ ಎರಡು ಗಂಟೆ ಕೂತ್ರೂ ಬೆನ್ನು ನೋಯಲ್ಲ. ಶಿವಮೊಗ್ಗದಿಂದ ಅಪ್ಪ ಬಂದಿದ್ದಾಗ ಮಹಾಗನಿ ಕುರ್ಚೀನ ಒಂದ್ಸಲ ನೋಡಿ, ವಿಂಡ್ಸರ್ ಮೇಲೆ ಚಕ್ಕಳಮಕ್ಕಳ ಹಾಕ್ಕೊಂಡು ಕೂತವರು ಒಂದು ತಿಂಗಳು ಬೇರೆ ಕಡೆ ಕೂರ್ಲೇ ಇಲ್ಲ.

ಮಹಾಗನಿ ಈಗ ಹಾಲ್‌ನ ಮೂಲೇಲಿದೆ, ಬಂದವರು ಮುಟ್ಟಿ ನೋಡಿ ಹೋಗ್ತಾರೆ. ಬಲೂನಿನ ಮೇಲೆ ಮಡಚದ ಬಟ್ಟೆ. ವಿಂಡ್ಸರ್ ಎರಡೇ ಇರೋದು, ಇನ್ನೆರಡು ಹುಡುಕ್ತಿದೀನಿ, ಆದ್ರೆ ಸೀಟು ಎಲ್ಮೇ ಆಗ್ಬೇಕು ಅಂದ್ರೆ ಹಳೇದೇ ಗತಿ, 1970ರ ದಶಕದಲ್ಲಿ ರೋಗ ಬಂದು ಇಲ್ಲಿನ ಎಲ್ಮ್ ಮರಗಳು ಕೋಟಿಗಟ್ಟಲೆ ಸತ್ತೋದ್ವು.